ಬೀದಿಮಾತು ಕಟಕಟೆ ಹತ್ತಿದಾಗ

ಅಮೆರಿಕದ ಲೂಸಿಯಾನಾ ರಾಜ್ಯದ ಸುಪ್ರೀಂ ಕೋರ್ಟ್ 2017ರ ಅಕ್ಟೋಬರ್‌ನಲ್ಲಿ ಒಂದು ಅರ್ಜಿಯನ್ನು ವಿಚಾರಣೆಗೆ ಎತ್ತಿಕೊಳ್ಳಲು ಒಪ್ಪಲಿಲ್ಲ. ನ್ಯೂ ಆರ್ಲಿಯನ್ಸ್ ಪೊಲೀಸರು ಪ್ರಶ್ನಿಸುತ್ತಿದ್ದಾಗ ಆರೋಪಿಯೊಬ್ಬ, ನಾನೇ ಮಾಡಿದ್ದು ಅಂತ ನಿಮಗನ್ನಿಸಿದರೆ ಸುಮ್ಮನೆ ನನಗೊಬ್ಬ ವಕೀಲರನ್ನು ಕೊಟ್ಟುಬಿಡಿ ಎಂಬರ್ಥದ ಮಾತಾಡಿದ್ದ. ಆ ಇಂಗ್ಲಿಷ್ ಮಾತಿನಲ್ಲಿ ‘ಲಾಯರ್’ ಎಂಬುದರ ಬೆನ್ನಿಗೇ ‘ಡಾಗ್’ ಎಂಬ ಪದ ಬಂದಿತ್ತು. ಪೊಲೀಸರು ಪ್ರಶ್ನೆ ನಿಲ್ಲಿಸಲಿಲ್ಲ. ಆತ ತನಗೇ ಮುಳುವಾಗುವ ಹೇಳಿಕೆ ಕೊಟ್ಟ. ಆ ಹೇಳಿಕೆಯನ್ನು ಸಾಕ್ಷ್ಯದಿಂದ ಹೊರಗಿಡಬೇಕೆಂದು ಅವನ ಪರ ವಕೀಲರು ಕೇಳಿದ್ದರು. ಅರ್ಜಿ ತಿರಸ್ಕಾರವಾದಾಗ ನ್ಯಾಯಮೂರ್ತಿ ಸ್ಕಾಟ್ ಕ್ರೈಟನ್ ಪ್ರತ್ಯೇಕವಾಗಿ ಒಂದು ಟಿಪ್ಪಣಿ ಬರೆದರು. ‘ಲಾಯರ್ ಡಾಗ್’ ಎಂಬ ಅಸ್ಪಷ್ಟ ಉಲ್ಲೇಖವು ವಕೀಲರ ನೆರವು ಕೋರಿದಂತೆ ಆಗುವುದಿಲ್ಲ ಎಂಬುದು ಅದರ ಸಾರ.

ಆರೋಪ ಗಂಭೀರವಾದದ್ದು. ಆತನ ಪರ ಕನಿಕರ ಹುಟ್ಟಿಸಲು ನಾನಿದನ್ನು ಹೇಳುತ್ತಿಲ್ಲ. ಆದರೆ ಠಾಣೆಯಲ್ಲಿ ವಕೀಲರನ್ನು ಕೇಳುವ ಹಕ್ಕು ಒಳ್ಳೆಯವರಿಗೆ ಮಾತ್ರ ಮೀಸಲಾದುದಲ್ಲ. ಅಮೆರಿಕದ ಸುಪ್ರೀಂ ಕೋರ್ಟ್‌ನ 1966ರ ಮಿರಾಂಡಾ ತೀರ್ಪು ಆ ಹಕ್ಕನ್ನು ಪ್ರತಿ ಆರೋಪಿಗೂ ತಿಳಿಸಲೇಬೇಕೆಂದಿತು. ವಕೀಲರು ಬೇಕೆಂದ ಮೇಲೆ ಪ್ರಶ್ನಿಸುವುದನ್ನು ನಿಲ್ಲಿಸಬೇಕೆಂದು 1981ರ ಎಡ್ವರ್ಡ್ಸ್ ತೀರ್ಪು ಹೇಳಿತು. 1994ರ ಡೇವಿಸ್ ತೀರ್ಪು ಇದಕ್ಕೊಂದು ಷರತ್ತು ಸೇರಿಸಿತು: ಕೇಳಿಕೆ ಸ್ಪಷ್ಟವಾಗಿರಬೇಕು, ‘ಬಹುಶಃ ವಕೀಲರ ಜೊತೆ ಮಾತಾಡಬೇಕೇನೋ’ ಎಂಬಂಥ ತೊದಲು ಸಾಲದು. ಲೂಸಿಯಾನಾದ ತೀರ್ಮಾನವನ್ನು ಸಮರ್ಥಿಸುವವರು ಇದನ್ನೇ ಹಿಡಿದು, ಆರೋಪಿಯ ಮಾತಿನಲ್ಲಿದ್ದ ‘ಅನ್ನಿಸಿದರೆ’ ಎಂಬ ಷರತ್ತೇ ತೊಡಕಾಯಿತು, ‘ಡಾಗ್’ ಅಲ್ಲ ಎನ್ನುತ್ತಾರೆ. ಅದು ಚರ್ಚಿಸಬಹುದಾದ ವಾದ. ಹಾಗಿದ್ದರೆ ಆ ಷರತ್ತನ್ನಷ್ಟೇ ಕಾರಣವಾಗಿ ಬರೆದು ಸುಮ್ಮನಾಗಬಹುದಿತ್ತು. ನ್ಯಾಯಮೂರ್ತಿಗಳ ಲೇಖನಿ ಎತ್ತಿ ತೋರಿಸಿದ್ದು ‘ಡಾಗ್’ ಪದವನ್ನೂ ಸೇರಿಸಿ.

ಇಂಗ್ಲಿಷ್ ಗೊತ್ತಿರುವ ಯಾರಿಗೇ ಆಗಲಿ ಅಲ್ಲಿ ‘ಡಾಗ್’ ಎಂದರೆ ನಾಯಿ ಅಲ್ಲ ಎಂಬುದು ಗೊತ್ತು. ಕಪ್ಪು ಅಮೆರಿಕನ್ನರ ಆಡುನುಡಿಯಲ್ಲಿ ಅದು ಗೆಳೆಯನನ್ನು, ಎದುರಿಗಿದ್ದವನನ್ನು ಕರೆಯುವ ಪದ. ಹಿಪ್‌ಹಾಪ್ ಹಾಡುಗಳ ಜೊತೆ ಅದು ಜಗತ್ತೆಲ್ಲ ಸುತ್ತಿದೆ. 2002ರಲ್ಲಿ ಶುರುವಾದ ‘ಅಮೆರಿಕನ್ ಐಡಲ್’ ಕಾರ್ಯಕ್ರಮದಲ್ಲಿ ತೀರ್ಪುಗಾರ ರ‍್ಯಾಂಡಿ ಜಾಕ್ಸನ್ ಹಾಡುಗಾರರನ್ನು ಆ ಪದದಿಂದಲೇ ಮಾತಾಡಿಸುತ್ತಿದ್ದರು. ಕೋಟ್ಯಂತರ ಮನೆಗಳಲ್ಲಿ ಅದನ್ನು ಕೇಳಿದವರಿದ್ದಾರೆ. ಜಾಕ್ಸನ್ ಹುಟ್ಟಿದ್ದು ಲೂಸಿಯಾನಾದ ರಾಜಧಾನಿ ಬ್ಯಾಟನ್ ರೂಜ್‌ನಲ್ಲಿ ಎಂಬುದನ್ನೂ ಇಲ್ಲಿ ನೆನೆಯಬೇಕು. ಇನ್ನು ಇಂಗ್ಲೆಂಡಿನ ಸಿರಿವಂತರು ತಮ್ಮ ಗೆಳೆಯನಿಗೆ ಆಸ್ತಿಯೋ ಚೆಲುವೆಯೋ ಒಲಿದಾಗ ‘ಲಕ್ಕಿ ಡಾಗ್’ ಎನ್ನುತ್ತ ಬಂದು ಕಾಲವಾಯಿತು. ಅದನ್ನು ಕೇಳಿ ಯಾವ ನಾಯಿಗೆ ಅದೃಷ್ಟ ಬಂತು ಎಂದು ಯಾರೂ ಹುಡುಕಿದ್ದಿಲ್ಲ. ಅದು ನುಡಿಗಟ್ಟು ಎಂದು ಒಪ್ಪಿಕೊಂಡವರಿಗೆ ಇದು ಮಾತ್ರ ಅಸ್ಪಷ್ಟ ಉಲ್ಲೇಖವಾಗಿ ಕಂಡಿತು.

ನಮ್ಮ ಕಡೆಯ ಹುಡುಗನೊಬ್ಬ ಠಾಣೆಯಲ್ಲಿ ಗಾಬರಿಬಿದ್ದು ‘ಒಬ್ಬ ಲಾಯರ್ ಕೊಡ್ಸಿ ಗುರೂ’ ಎಂದ ಅಂತಿಟ್ಟುಕೊಳ್ಳಿ. ಅವನು ಕೇಳಿದ್ದು ಲಾಯರನ್ನೋ, ಕಾನೂನು ಬಲ್ಲ ಮಠದ ಗುರುವನ್ನೋ ಎಂದು ಕನ್ನಡ ಬಲ್ಲ ಯಾವ ಪೊಲೀಸ್ ಪೇದೆಗೂ ಅನುಮಾನ ಬರುವುದಿಲ್ಲ. ಕೂಗಿ ಕರೆಯುವಾಗ ಕೊನೆಯ ಸ್ವರ ಎಳೆಯುತ್ತದೆ, ಧ್ವನಿ ಏರುತ್ತದೆ. ಕಿವಿಗೆ ಅಷ್ಟು ಸಾಕು. ನ್ಯೂ ಆರ್ಲಿಯನ್ಸ್‌ನಲ್ಲಿ ಮಾತನ್ನು ಕೇಳಿಸಿಕೊಂಡ ಪೊಲೀಸರಿಗೂ ಆ ಧ್ವನಿ ಕೇಳಿಸಿಯೇ ಇರುತ್ತದೆ. ಗೊಂದಲ ಹುಟ್ಟಿದ್ದು ಕಾಗದದ ಮೇಲೆ. ಅಲ್ಪವಿರಾಮವಿಲ್ಲದೆ ‘ಲಾಯರ್ ಡಾಗ್’ ಎಂದು ಅಕ್ಕಪಕ್ಕ ಬರೆದಾಗ, ಆಡುವ ಬಾಯಲ್ಲಿ ಇಲ್ಲದ ಸಂದಿಗ್ಧ ಓದುವ ಕಣ್ಣಿಗೆ ಒದಗಿತು. ಆ ಸಂದಿಗ್ಧದ ಬೆಲೆ ತೆತ್ತವನು ಮಾತಾಡಿದವನು. ಬರೆದವರೂ ಅಲ್ಲ, ಓದಿದವರೂ ಅಲ್ಲ.

ದಿನಬಳಕೆಯ ಚಿಕ್ಕ ಪದಗಳಲ್ಲಿ ಈ ಅಪಾಯ ಹೆಚ್ಚು ಎಂದು ನಾನು ಭಾವಿಸುತ್ತೇನೆ. ದೊಡ್ಡ, ಅಪರೂಪದ ಪದ ಎದುರಾದರೆ ಯಾರೂ ತಮಗೆ ಗೊತ್ತು ಎಂದುಕೊಳ್ಳುವುದಿಲ್ಲ. ನಿಘಂಟು ತೆಗೆಯುತ್ತಾರೆ, ಬಲ್ಲವರನ್ನು ಕೇಳುತ್ತಾರೆ. ಡಾಗ್, ಯೂಸ್, ಬಿ, ಕೂಲ್, ಬ್ಯಾಡ್ ಇಂಥವು ಎದುರಾದಾಗ ಕೇಳುವ ಅಗತ್ಯವೇ ತೋರುವುದಿಲ್ಲ, ಏಕೆಂದರೆ ಅವು ಎಲ್ಲರಿಗೂ ಗೊತ್ತು. ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನ ಸಂಪಾದಕ ಜೇಮ್ಸ್ ಮರ‍್ರೆ ಅವರಿಗೆ ಈ ಕುರುಡು ಅರಿವಾದದ್ದು 1879ರ ಹೊತ್ತಿಗೇ. ಪುಸ್ತಕ ಓದಿ ಪದಪ್ರಯೋಗಗಳನ್ನು ಚೀಟಿಗಳಲ್ಲಿ ಬರೆದು ಕಳಿಸುತ್ತಿದ್ದ ಸ್ವಯಂಸೇವಕರು ವಿಚಿತ್ರ ಪದಗಳನ್ನೇ ಹೆಕ್ಕುತ್ತಿದ್ದರು. ಬಳಕೆ ತಪ್ಪಿಹೋಗಿದ್ದ ‘ಅಬ್ಯೂಷನ್’ ಎಂಬ ಪದಕ್ಕೆ ಸುಮಾರು 50 ಚೀಟಿ ಬಂದಿದ್ದರೆ, ಎಲ್ಲರ ಬಾಯಲ್ಲಿದ್ದ ‘ಅಬ್ಯೂಸ್’ ಎಂಬುದಕ್ಕೆ ಐದೂ ಇರಲಿಲ್ಲ. ಸಾಮಾನ್ಯ ಪದಗಳನ್ನೂ ಗಮನಿಸಿ ಎಂದು ಮರ‍್ರೆ ಓದುಗರಿಗೆ ಮೊರೆಯಿಡಬೇಕಾಯಿತು. ಈಚೆಗೆ ಅದೇ ನಿಘಂಟಿನ ಪೀಟರ್ ಗಿಲಿವರ್ ‘ರನ್’ ಎಂಬ ಒಂದೇ ಕ್ರಿಯಾಪದವನ್ನು ಪರಿಷ್ಕರಿಸಲು ಒಂಬತ್ತು ತಿಂಗಳು ಕೂತರು. ಅದರಲ್ಲಿ ಅವರು ಗುರುತಿಸಿದ ಅರ್ಥಗಳು 645. ‘ಓಡು’ ಎಂದು ಶಾಲೆಯಲ್ಲಿ ಕಲಿತು ಮುಗಿಸಿದ ಪದ ಅದು.

ಮರ‍್ರೆ ಕೆಲಸದಲ್ಲಿ ನನಗೆ ಮುಖ್ಯವಾಗಿ ಕಾಣುವುದು ಅವರ ವಿಧಾನ. 1884ರಲ್ಲಿ ಮೊದಲ ಕಂತು ಹೊರಬಂದು 1928ರಲ್ಲಿ ಮುಗಿದ ಆ ನಿಘಂಟಿನಲ್ಲಿ ಯಾವ ಅರ್ಥವೂ ಸಂಪಾದಕನ ಅಭಿಪ್ರಾಯವಲ್ಲ. ಇಂಥವರು ಇಂಥ ವರ್ಷ ಹೀಗೆ ಬಳಸಿದರು ಎಂಬ ಪುರಾವೆಗಳನ್ನು ಒಟ್ಟಿಟ್ಟು, ಅವುಗಳಿಂದ ಅರ್ಥ ತೆಗೆದರು. ಹಾಗಾಗಿ ನಿಘಂಟು ಒಂದು ಸಾಕ್ಷ್ಯದ ಕಡತ. ಅದನ್ನು ಕಾನೂನು ಪುಸ್ತಕದಂತೆ ತೆರೆದು, ‘ಇಲ್ಲಿ ಹೀಗಿದೆ, ಆದ್ದರಿಂದ ನೀನು ಹೇಳಿದ್ದು ಇದೇ’ ಎನ್ನುವವರು ಆ ನಿಘಂಟನ್ನು ಕಟ್ಟಿದವರ ಶ್ರಮಕ್ಕೇ ಅನ್ಯಾಯ ಮಾಡುತ್ತಾರೆ. ನ್ಯಾಯಾಲಯ ನಿಘಂಟುಕಾರರಿಂದ ಕಲಿಯಬೇಕಾದ್ದು ಈ ವಿಧಾನ: ಆ ಪದವನ್ನು ಆ ಜನ ಆ ಸಂದರ್ಭದಲ್ಲಿ ಹೇಗೆ ಬಳಸುತ್ತಾರೆ ಎಂದು ಪುರಾವೆ ಕೇಳುವುದು. ನನ್ನ ಇಡೀ ವಾದ ಇಷ್ಟೇ. ಅಚ್ಚಾದ ಅರ್ಥವಿವರಣೆಯೇ ಆಗಲಿ, ಬೀದಿಯ ಅರ್ಥವೇ ಆಗಲಿ, ಪುರಾವೆಯಿಲ್ಲದೆ ಯಾವುದನ್ನೂ ಒಬ್ಬನ ಬಾಯಿಗೆ ತುರುಕಬಾರದು.

ಅಚ್ಚಾದ ನಿಘಂಟಿನ ಪಕ್ಷಪಾತ ಹೊಸದಲ್ಲ. 1755ರಲ್ಲಿ ಸ್ಯಾಮ್ಯುಯೆಲ್ ಜಾನ್ಸನ್ ತಮ್ಮ ನಿಘಂಟು ತಂದಾಗ ‘ಫನ್’ ಎಂಬ ಪದಕ್ಕೆ ಕೀಳು ಪದವೆಂಬ ಪಟ್ಟಿ ಹಚ್ಚಿದ್ದರು. ಅವರಿಗೂ ಮೊದಲೇ, 1710ರಲ್ಲಿ, ಜೊನಾಥನ್ ಸ್ವಿಫ್ಟ್ ‘ಮಾಬ್’ ಎಂಬ ಪದದ ವಿರುದ್ಧ ಬರೆದಿದ್ದರು. ‘ಮೊಬಿಲೆ ವಲ್ಗಸ್’ ಎಂಬ ಲ್ಯಾಟಿನ್ ಮಾತನ್ನು, ಅಂದರೆ ಚಂಚಲ ಜನಜಂಗುಳಿ ಎಂಬುದನ್ನು, ಅರ್ಧಕ್ಕೆ ಕತ್ತರಿಸಿ ಬಂದ ಬೀದಿಮಾತು ಅದು; ಅದು ಭಾಷೆಯನ್ನು ಕೆಡಿಸುತ್ತದೆ ಎಂಬ ಸಿಟ್ಟು ಅವರದು. ಸ್ವಿಫ್ಟ್ ಸೋತರು. ಗುಂಪುಹತ್ಯೆಗಳನ್ನು ತಡೆಯಲು 2018ರಲ್ಲಿ ನಮ್ಮ ಸುಪ್ರೀಂ ಕೋರ್ಟ್ ಕೊಟ್ಟ ತೆಹಸೀನ್ ಪೂನಾವಾಲಾ ತೀರ್ಪಿನಲ್ಲಿ ಆ ಪದ ಗಂಭೀರ ನ್ಯಾಯಭಾಷೆಯಾಗಿ ಮತ್ತೆ ಮತ್ತೆ ಬರುತ್ತದೆ. ಇಂದು ಶಿಷ್ಟ ಎನಿಸುವ ಎಷ್ಟೋ ಪದ ಒಂದು ಕಾಲಕ್ಕೆ ಹೊಸ್ತಿಲಾಚೆ ನಿಂತಿತ್ತು. ಪದ ಒಳಗೆ ಬರುವವರೆಗೆ ಅದನ್ನಾಡುವವರ ಗತಿಯೇನು ಎಂಬುದೇ ಪ್ರಶ್ನೆ.

ಶಿಷ್ಟ ಪದವಾದರೆ ನಿಘಂಟು ಕೈಹಿಡಿಯುತ್ತದೆ ಎಂದೂ ಇಲ್ಲ. ಅಮೆರಿಕದ ಒಂದು ಕಾನೂನಿನಂತೆ, ಮಾದಕವಸ್ತು ಅಪರಾಧದಲ್ಲಿ ಬಂದೂಕನ್ನು ‘ಯೂಸ್’ ಮಾಡಿದವನಿಗೆ ಹೆಚ್ಚುವರಿ ಶಿಕ್ಷೆಯಿತ್ತು. ಒಬ್ಬಾತ ತನ್ನ ಮ್ಯಾಕ್-10 ಬಂದೂಕನ್ನು ಕೊಟ್ಟು ಬದಲಿಗೆ ಕೊಕೇನ್ ಪಡೆಯಲು ಹೊರಟಿದ್ದ. ಎದುರಿಗಿದ್ದವನು ಮಾರುವೇಷದ ಅಧಿಕಾರಿ. 1993ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್‌ನ ಬಹುಮತ ನಿಘಂಟುಗಳನ್ನು ತೆರೆದು ನೋಡಿ, ವಸ್ತುವನ್ನು ಯಾವುದೇ ಕೆಲಸಕ್ಕೆ ತೊಡಗಿಸುವುದೂ ‘ಯೂಸ್’ ಆದ್ದರಿಂದ ವಿನಿಮಯವೂ ಬಳಕೆಯೇ ಎಂದಿತು. ಆ ಬಂದೂಕು ಮಷಿನ್‌ಗನ್ ಆಗಿದ್ದರಿಂದ ಕಡ್ಡಾಯ ಶಿಕ್ಷೆ 30 ವರ್ಷ. ಭಿನ್ನಮತ ಬರೆದ ನ್ಯಾಯಮೂರ್ತಿ ಆಂಟೊನಿನ್ ಸ್ಕಾಲಿಯಾ ಕೇಳಿದ ಪ್ರಶ್ನೆ ಮಗುವಿಗೂ ಅರ್ಥವಾಗುವಂಥದು. ‘ನೀವು ಊರುಗೋಲು ಬಳಸುತ್ತೀರಾ’ ಎಂದು ಯಾರಾದರೂ ಕೇಳಿದರೆ, ಅಜ್ಜನ ಬೆಳ್ಳಿಹಿಡಿಯ ಕೋಲನ್ನು ಹಜಾರದಲ್ಲಿ ಅಲಂಕಾರಕ್ಕೆ ಇಟ್ಟಿದ್ದೀರಾ ಎಂದು ಅವರು ಕೇಳುತ್ತಿಲ್ಲ. ಊರಿಕೊಂಡು ನಡೆಯುತ್ತೀರಾ ಎಂದು ಕೇಳುತ್ತಿದ್ದಾರೆ. ನಿಘಂಟು ಒಂದು ಪದ ಎಲ್ಲಿಯವರೆಗೆ ಹಿಗ್ಗಬಲ್ಲದು ಎಂದು ತೋರಿಸುತ್ತದೆ. ಈ ಮಾತಿನಲ್ಲಿ ಅದು ಎಷ್ಟು ಹಿಗ್ಗಿದೆ ಎಂದು ಹೇಳುವುದಿಲ್ಲ. 2007ರಲ್ಲಿ ಅದೇ ಕೋರ್ಟ್, ಮಾದಕವಸ್ತು ಕೊಟ್ಟು ಬಂದೂಕು ಪಡೆದವನು ಬಂದೂಕನ್ನು ‘ಯೂಸ್’ ಮಾಡಿದಂತಾಗದು ಎಂದು ತೀರ್ಪು ಕೊಟ್ಟಿತು. ಹೀಗೆ ಒಂದೇ ಬಗೆಯ ವ್ಯವಹಾರದಲ್ಲಿ ಬಂದೂಕು ಕೊಟ್ಟವನದು ಬಳಕೆ, ತೆಗೆದುಕೊಂಡವನದು ಬಳಕೆಯಲ್ಲ ಎಂಬಲ್ಲಿಗೆ ಮುಟ್ಟಿತು.

ಇದಕ್ಕಿಂತ ಸೂಕ್ಷ್ಮವಾದದ್ದು ‘ಬಿ’ ಎಂಬ ಪುಟ್ಟ ಕ್ರಿಯಾಪದದ ಕಥೆ. ಕಪ್ಪು ಅಮೆರಿಕನ್ನರ ನುಡಿಯಲ್ಲಿ ‘ಹಿ ವರ್ಕಿಂಗ್’ ಬೇರೆ, ‘ಹಿ ಬಿ ವರ್ಕಿಂಗ್’ ಬೇರೆ. ಮೊದಲನೆಯದು ಈ ಗಳಿಗೆಯಲ್ಲಿ ಕೆಲಸ ಮಾಡುತ್ತಿದ್ದಾನೆ ಎಂಬುದು. ಎರಡನೆಯದು ಸಾಮಾನ್ಯವಾಗಿ ಮಾಡುತ್ತಿರುತ್ತಾನೆ ಎಂಬುದು. ಕನ್ನಡಿಗರಿಗೆ ಇದನ್ನು ವಿವರಿಸುವ ಅಗತ್ಯವೇ ಇಲ್ಲ. ‘ಅಂಗಡೀಲಿ ಕೂತಿದಾನೆ’ ಎಂಬುದಕ್ಕೂ ‘ಅಂಗಡೀಲಿ ಕೂತಿರ್ತಾನೆ’ ಎಂಬುದಕ್ಕೂ ಇರುವ ಅಂತರ ನಮ್ಮ ಮಕ್ಕಳಿಗೂ ಗೊತ್ತು. ಶಿಷ್ಟ ಇಂಗ್ಲಿಷಿನ ‘ಬಿ’ ಕ್ರಿಯಾಪದ ಹೀಗೆ ರೂಪ ಬದಲಿಸಿ ಆ ಅಂತರ ತೋರಿಸುವುದಿಲ್ಲ. ಹಾಗಾಗಿ ಅದನ್ನೇ ಕಲಿತ ಕಿವಿಗೆ ‘ಹಿ ಬಿ’ ಎಂಬುದು ವ್ಯಾಕರಣ ಗೊತ್ತಿಲ್ಲದವನ ತಪ್ಪಾಗಿ ಕೇಳುತ್ತದೆ. ಅಂತರವನ್ನು ಆ ಪುಟ್ಟ ಪದದಲ್ಲೇ ಹೇಳಬಲ್ಲ ನುಡಿ ಕೆಟ್ಟ ನುಡಿಯೆನಿಸಿ, ಹಾಗೆ ಹೇಳಲಾರದ ನುಡಿ ಅಳತೆಗೋಲಾಗಿದೆ.

ಇದು ವ್ಯಾಕರಣದ ಚರ್ಚೆಯಾಗಿಯೇ ಉಳಿದಿದ್ದರೆ ಸುಮ್ಮನಿರಬಹುದಿತ್ತು. ಫಿಲಡೆಲ್ಫಿಯಾದ 27 ನ್ಯಾಯಾಲಯ ವರದಿಗಾರರಿಗೆ, ಅಂದರೆ ಕಟಕಟೆಯ ಮಾತನ್ನು ಅಕ್ಷರಶಃ ದಾಖಲಿಸುವ ವೃತ್ತಿಪರರಿಗೆ, ಈ ನುಡಿಯ ವಾಕ್ಯಗಳನ್ನು ಕೇಳಿಸಿ ಬರೆಸಿದ ಅಧ್ಯಯನವೊಂದು 2019ರಲ್ಲಿ ‘ಲ್ಯಾಂಗ್ವೇಜ್’ ಪತ್ರಿಕೆಯಲ್ಲಿ ಬಂತು. 95% ನಿಖರತೆಯ ಪ್ರಮಾಣಪತ್ರ ಪಡೆದವರು ಅವರು. ತಪ್ಪಿಲ್ಲದೆ ದಾಖಲಾದ ವಾಕ್ಯಗಳು ಸುಮಾರು 60%. ಅರ್ಥವನ್ನು ತಮ್ಮ ಮಾತಲ್ಲಿ ಹೇಳಿ ಎಂದಾಗ ಸರಿಯಾಗಿ ಹೇಳಿದ್ದು ಮೂರರಲ್ಲಿ ಒಂದು ಪಾಲು ಮಾತ್ರ. ಆತ ಆ ಬಡಾವಣೆಯಲ್ಲಿ ಇರುವುದಿಲ್ಲ ಎಂಬರ್ಥದ ವಾಕ್ಯವೊಂದು, ನಾವು ಈ ಬಡಾವಣೆಯಲ್ಲಿ ಇರಲಿದ್ದೇವೆ ಎಂಬರ್ಥದಲ್ಲಿ ದಾಖಲಾಗಿತ್ತು. ಅಪರಾಧ ನಡೆದ ಜಾಗದಲ್ಲಿ ಯಾರಿದ್ದರು, ಯಾರಿರಲಿಲ್ಲ ಎಂಬುದರ ಮೇಲೆ ಒಬ್ಬನ ಬದುಕೇ ನಿಂತಿರುವಾಗ ಈ ತಪ್ಪಿನ ಭಾರವನ್ನು ಊಹಿಸಿಕೊಳ್ಳಿ. ದಾಖಲೆಯೇ ಹೀಗಾದ ಮೇಲೆ ಮೇಲಿನ ಕೋರ್ಟಿನಲ್ಲಿ ಎಂಥ ಪ್ರಾಮಾಣಿಕ ನ್ಯಾಯಾಧೀಶರಿದ್ದೂ ಏನು ಮಾಡಬಲ್ಲರು?

ಹಾಗಾದರೆ ನಿಘಂಟನ್ನು ಬದಿಗಿಟ್ಟು ಬೀದಿಯ ಅರ್ಥವನ್ನೇ ಒಪ್ಪೋಣವೇ? ಅಲ್ಲೂ ಹೊಂಡವಿದೆ. ಬ್ರಿಟನ್ನಿನಲ್ಲಿ ‘ಡ್ರಿಲ್’ ಎಂಬ ರ‍್ಯಾಪ್ ಹಾಡುಗಳ ಸಾಹಿತ್ಯವನ್ನು ಕೊಲೆ, ಗುಂಪುಗಾರಿಕೆಯ ಮೊಕದ್ದಮೆಗಳಲ್ಲಿ ಸಾಕ್ಷ್ಯವಾಗಿ ತರುವ ರೂಢಿ ಬೆಳೆದಿದೆ. ಹಾಡಿನ ಪದಗಳಿಗೆ ಗುಪ್ತ ಅರ್ಥ ಹೇಳಲು ಹಲವು ಬಾರಿ ಬರುವ ‘ತಜ್ಞ’ರು ಪೊಲೀಸ್ ಅಧಿಕಾರಿಗಳೇ. ಹುಡುಗನ ಸಾದಾ ಮಾತಿನಲ್ಲೂ ಚೂರಿ, ಗ್ಯಾಂಗು ಕಾಣುವ ಕಣ್ಣು ಅದು. ಎದುರಿನಲ್ಲಿ ಅದನ್ನು ಪ್ರಶ್ನಿಸಬಲ್ಲ ಭಾಷಾತಜ್ಞ ಇರುವುದು ಅಪರೂಪ. ಮ್ಯಾಂಚೆಸ್ಟರ್ ವಿಶ್ವವಿದ್ಯಾಲಯದ ಸಂಶೋಧಕರು ಈ ರೂಢಿಯನ್ನು ಪ್ರಶ್ನಿಸಿ ಕೆಲಸ ಮಾಡುತ್ತಿದ್ದಾರೆ. ಲಂಡನ್ನಿನ ಟೋನಿ ಥಾರ್ನ್ ಅವರಂಥ ಸ್ಲ್ಯಾಂಗ್ ಅಧ್ಯಯನಕಾರರು ನ್ಯಾಯಾಲಯಗಳಿಗೆ ನೆರವಾಗಿದ್ದಾರೆ. ಹಾಡಿನ ಸಾಲುಗಳನ್ನು ಸಾಕ್ಷ್ಯವಾಗಿ ಬಳಸುವುದಕ್ಕೆ ಕ್ಯಾಲಿಫೋರ್ನಿಯಾ 2022ರಲ್ಲಿ ಕಾನೂನಿನಿಂದಲೇ ಕಡಿವಾಣ ಹಾಕಿತು. ಲೂಸಿಯಾನಾದಲ್ಲಿ ಬೀದಿಯ ಅರ್ಥವನ್ನು ನಿರಾಕರಿಸಿ ಒಬ್ಬನ ಹಕ್ಕು ಕಸಿದದ್ದಾದರೆ, ಈ ಹಾಡುಗಳ ಮೊಕದ್ದಮೆಗಳಲ್ಲಿ ಬೀದಿಯ ಅರ್ಥವನ್ನು ಆರೋಪಿಸಿ ಅಪರಾಧ ಹೊರಿಸುವ ಭಯ. ಎರಡೂ ಕಡೆ ಮಾತು ಯಾರದೋ, ಅರ್ಥ ಹೇಳುವವರು ಇನ್ಯಾರೋ.

1999ರಲ್ಲಿ ಏರನ್ ಪೆಕಮ್ ಎಂಬ ವಿದ್ಯಾರ್ಥಿ ಆರಂಭಿಸಿದ ಅರ್ಬನ್ ಡಿಕ್ಷನರಿ ಎಂಬ ಜಾಲತಾಣದ ನಿಘಂಟನ್ನು ಅಮೆರಿಕದ ನ್ಯಾಯಾಧೀಶರು ಉಲ್ಲೇಖಿಸಿದ್ದುಂಟು. ಅಚ್ಚಿನ ನಿಘಂಟಿಗೆ ಸಿಗದ ಪದ ಅಲ್ಲಿ ಸಿಗುತ್ತದೆ ನಿಜ. ಆದರೆ ಅಲ್ಲಿ ಯಾರು ಬೇಕಾದರೂ, ತಮಾಷೆಗೆ, ಹಗೆಗೆ, ಬಾಯಿಗೆ ಬಂದ ಅರ್ಥ ಬರೆಯಬಹುದು. ಮರ‍್ರೆಯ ಚೀಟಿಯಲ್ಲಿ ಪ್ರತಿ ಪ್ರಯೋಗದ ಲೇಖಕ, ಕೃತಿ, ವರ್ಷ ಇತ್ತು. ಇಲ್ಲಿ ಮತಗಳ ಎಣಿಕೆಯಿದೆ. ಜೊನಾಥನ್ ಗ್ರೀನ್ 2010ರಲ್ಲಿ ಮೂರು ಸಂಪುಟಗಳಲ್ಲಿ ತಂದ ಸ್ಲ್ಯಾಂಗ್ ನಿಘಂಟು ಪ್ರತಿ ಅರ್ಥಕ್ಕೂ ಪ್ರಯೋಗಗಳನ್ನು ಒದಗಿಸುತ್ತದೆ. ಬೀದಿಮಾತಿಗೂ ಶಿಸ್ತಿನ ಪುರಾವೆ ಸಾಧ್ಯ ಎಂಬುದಕ್ಕೆ ಅದೇ ಸಾಕ್ಷಿ. ಕಪ್ಪು ಅಮೆರಿಕನ್ನರ ನುಡಿಗೇ ಮೀಸಲಾದ ಆಕ್ಸ್‌ಫರ್ಡ್ ನಿಘಂಟೊಂದು ಹೆನ್ರಿ ಲೂಯಿಸ್ ಗೇಟ್ಸ್ ಅವರ ಮುಂದಾಳತ್ವದಲ್ಲಿ ಸಿದ್ಧವಾಗಲಿದೆ ಎಂದು 2022ರಲ್ಲಿ ಪ್ರಕಟವಾದಾಗ ನನಗೆ ಸಂತೋಷವಾಯಿತು. ಇಷ್ಟು ತಡವಾದದ್ದಕ್ಕೆ ಬೇಸರವೂ ಆಯಿತು. ಬಾಯಲ್ಲಿದ್ದು ಅಚ್ಚಿಗೆ ಹೋಗದ ಮಾತಿಗೆ ಹಳೆಯ ನಿಘಂಟಿನ ಚೀಟಿಯಲ್ಲಿ ಜಾಗವೇ ಸಿಕ್ಕಿರಲಿಲ್ಲ.

ತಡವಾದರೆ ಏನಾಗುತ್ತದೆ ಎಂಬುದಕ್ಕೆ ‘ವೋಕ್’ ಎಂಬ ಪದವನ್ನು ನೋಡಬೇಕು. 1938ರಲ್ಲಿ ಗಾಯಕ ಲೆಡ್ ಬೆಲಿ, ಅಲಬಾಮಾದಲ್ಲಿ ಸುಳ್ಳು ಆರೋಪ ಹೊತ್ತ ಒಂಬತ್ತು ಕಪ್ಪು ಹುಡುಗರನ್ನು ಕುರಿತ ತಮ್ಮ ಹಾಡನ್ನು ಧ್ವನಿಮುದ್ರಿಸಿದಾಗ, ಆ ಕಡೆ ಹೋಗುವ ಕಪ್ಪು ಜನ ಎಚ್ಚರವಾಗಿರಬೇಕು ಎಂದು ಹೇಳಲು ಈ ಪದ ಬಳಸಿದರು. ಜೀವ ಉಳಿಸಿಕೊಳ್ಳುವ ಎಚ್ಚರ ಅದು. ಕಾದಂಬರಿಕಾರ ವಿಲಿಯಂ ಮೆಲ್ವಿನ್ ಕೆಲ್ಲಿ 1962ರಲ್ಲಿ ನ್ಯೂಯಾರ್ಕ್ ಟೈಮ್ಸ್‌ನಲ್ಲಿ ಬರೆದ ಲೇಖನದ ತಲೆಬರಹದಲ್ಲೇ ಈ ಪದವಿತ್ತು. ಈ ಅರ್ಥ ಆಕ್ಸ್‌ಫರ್ಡ್ ನಿಘಂಟಿಗೆ ಸೇರಿದ್ದು 2017ರಲ್ಲಿ. ಅಷ್ಟು ಹೊತ್ತಿಗೆ ಪದ ಅದರ ಜನರ ಕೈ ಬಿಟ್ಟು ಹೋಗಿ, ಎದುರಾಳಿಗಳ ಬಾಯಲ್ಲಿ ಬೈಗುಳವಾಗತೊಡಗಿತ್ತು. 2022ರಲ್ಲಿ ಫ್ಲಾರಿಡಾದ ಒಂದು ಕಾನೂನನ್ನು ಅದರ ಹೆಸರಲ್ಲೇ ಕರೆದರು. ಆ ವರ್ಷದ ಕೊನೆಗೆ ಬೇರೊಂದು ಮೊಕದ್ದಮೆಯಲ್ಲಿ ಗವರ್ನರ್ ಕಚೇರಿಯ ಕಾನೂನು ಸಲಹೆಗಾರರನ್ನೇ ಅದರ ಅರ್ಥವೇನೆಂದು ಕೇಳಿದಾಗ, ಸಮಾಜದ ವ್ಯವಸ್ಥೆಯಲ್ಲೇ ಅನ್ಯಾಯವಿದೆ, ಅದನ್ನು ಸರಿಪಡಿಸಬೇಕು ಎಂಬ ನಂಬಿಕೆ ಎಂದು ಉತ್ತರಿಸಿದರು. ಪ್ರಮಾಣ ಮಾಡಿ ಹೇಳಬೇಕಾದಲ್ಲಿ ಮೂಲ ಜನರ ಅರ್ಥಕ್ಕೆ ಸಾಕಷ್ಟು ಹತ್ತಿರದ ಅರ್ಥವೇ ಹೊರಬಂತು.

ಇದಕ್ಕೆಲ್ಲ ಒಂದು ಬಲವಾದ ಆಕ್ಷೇಪವಿದೆ. ಪ್ರತಿಯೊಬ್ಬರ ಒಳ ಅರ್ಥಕ್ಕೂ ಕಾನೂನು ಕಿವಿಗೊಟ್ಟರೆ ನಿಶ್ಚಿತತೆ ಎಲ್ಲಿ ಉಳಿಯುತ್ತದೆ? ‘ಬ್ಯಾಡ್’ ಎಂದರೆ ಒಳ್ಳೆಯದು, ‘ಸಿಕ್’ ಎಂದರೆ ಅದ್ಭುತ ಎಂದು ನಾಳೆ ಎಲ್ಲರೂ ವಾದಿಸಬಹುದಲ್ಲ? ಈ ಆಕ್ಷೇಪ ಶಾಸನಕ್ಕೆ ಸರಿಯಾಗಿ ಅನ್ವಯಿಸುತ್ತದೆ. ಎಲ್ಲರಿಗಾಗಿ ಬರೆದ ಕಾನೂನಿನ ಪದಕ್ಕೆ ಎಲ್ಲರಿಗೂ ತಿಳಿಯುವ ಅರ್ಥವೇ ಇರಬೇಕು. ಹಾಗೆಂದೇ ಊರುಗೋಲಿನ ಪ್ರಶ್ನೆ ಅಷ್ಟು ತೂಕದ್ದು. ವ್ಯಕ್ತಿಯೊಬ್ಬನ ಮಾತಿಗೆ ಅದೇ ಅಳತೆ ಹಾಕಲಾಗದು. ಅವನು ಏನು ಕೇಳಿದ, ಏನು ಒಪ್ಪಿದ ಎಂಬುದು ವಾಸ್ತವಾಂಶದ ಪ್ರಶ್ನೆ. ವಾಸ್ತವಾಂಶವನ್ನು ಪುರಾವೆಯಿಂದ ತಿಳಿಯಬೇಕು. ‘ಭಯಂಕರ ಚೆನ್ನಾಗಿತ್ತು’, ‘ಸಿನಿಮಾ ಬೆಂಕಿ ಗುರು’ ಎನ್ನುವ ಕನ್ನಡಿಗರ ನಡುವೆ ನಿಶ್ಚಿತತೆಗೆ ಎಂದೂ ಕೊರತೆಯಾಗಿಲ್ಲ. ಹೊರಗಿನವನು ಗೊಂದಲಗೊಂಡರೆ ಒಂದು ಮಾತು ಕೇಳಿ ತಿಳಿದುಕೊಳ್ಳಬಹುದು. ನ್ಯೂ ಆರ್ಲಿಯನ್ಸ್‌ನ ಪೊಲೀಸರಿಗೂ ನಿಜವಾಗಿ ಅನುಮಾನ ಬಂದಿದ್ದರೆ, ‘ನಿನಗೆ ವಕೀಲರು ಬೇಕೇ’ ಎಂಬ ಒಂದು ಪ್ರಶ್ನೆ ಸಾಕಿತ್ತು. ಅಧಿಕಾರ ಯಾರ ಕೈಯಲ್ಲಿದೆಯೋ ಕೇಳಿ ತಿಳಿಯುವ ಹೊಣೆ ಅವರದು.

ಕರ್ನಾಟಕದಲ್ಲಿ ಕುಳಿತು ಇದನ್ನು ಬರೆಯುವಾಗ ನಮ್ಮ ಠಾಣೆಗಳು ಕಣ್ಮುಂದೆ ಬರುತ್ತವೆ. ದೂರು ಕೊಡಲು ಬಂದವರು ಕಲಬುರಗಿಯವರಿರಲಿ, ಕುಂದಾಪುರದವರಿರಲಿ, ಠಾಣೆಯ ರೈಟರ್ ಕೈಯಲ್ಲಿ ಅವರ ಮಾತು ಒಂದೇ ಅಚ್ಚಿಗೆ ಬೀಳುತ್ತದೆ: ಅವಾಚ್ಯ ಶಬ್ದಗಳಿಂದ ಬೈದು, ಕೈಯಿಂದ ಹಲ್ಲೆ ಮಾಡಿ, ಪ್ರಾಣ ಬೆದರಿಕೆ ಹಾಕಿರುತ್ತಾರೆ. ಜಗಳದಲ್ಲಿ ಒಬ್ಬ ನಿಜವಾಗಿ ಹೇಳಿದ್ದು ‘ನಿನ್ನ ನೋಡ್ಕೋತೀನಿ’ ಎಂದಿರಬಹುದು. ಮಗುವನ್ನು ನೋಡಿಕೊಳ್ಳುವ ಅಜ್ಜಿಯ ಬಾಯಲ್ಲಿ ಅದು ಅಕ್ಕರೆ. ಹಲ್ಲು ಕಚ್ಚಿ ಆಡಿದವನ ಬಾಯಲ್ಲಿ ಬೆದರಿಕೆ. ಸಿಟ್ಟಿಗೆದ್ದ ಅಣ್ಣತಮ್ಮಂದಿರ ನಡುವೆ, ಎಷ್ಟೋ ಸಲ, ಸೋತವನ ಕೊನೆಯ ಗೊಣಗು. ಇದರಲ್ಲಿ ಯಾವುದು ಎಂದು ತೀರ್ಮಾನಿಸಬೇಕಾದದ್ದು ನ್ಯಾಯಾಲಯ. ರೈಟರ್ ಅದನ್ನು ‘ಪ್ರಾಣ ಬೆದರಿಕೆ’ ಎಂದು ಬರೆದ ಗಳಿಗೆಯಲ್ಲೇ ಆ ತೀರ್ಮಾನ ಆಗಿಹೋಗಿರುತ್ತದೆ. ಮುಂದೆ ಪ್ರಕರಣ ಹೈಕೋರ್ಟಿಗೆ ಹೋದಾಗ ಸಂವಿಧಾನದ 348ನೇ ವಿಧಿಯಂತೆ ಅಲ್ಲಿನ ಭಾಷೆ ಇಂಗ್ಲಿಷ್. ಅಚ್ಚಿಗೆ ಬಿದ್ದ ಕನ್ನಡ ಮತ್ತೊಮ್ಮೆ ಅಚ್ಚು ಬದಲಿಸುತ್ತದೆ. ಆಡಿದವನ ಮಾತು ಎರಡು ಸಲ ಅಳಿಸಿಹೋದ ಮೇಲೆ ಉಳಿಯುವುದು ರೈಟರನ ಅರ್ಥದ ಅನುವಾದ.

ಸಾಕ್ಷಿಗಳ ಹೇಳಿಕೆಯನ್ನು ಧ್ವನಿ, ದೃಶ್ಯ ಮುದ್ರಣದಲ್ಲಿ ದಾಖಲಿಸಲು ನಮ್ಮ ಕಾನೂನಿನಲ್ಲಿ ಅವಕಾಶವಿದೆ. ಅದನ್ನು ರೂಢಿಯಾಗಿ ಬಳಸಬೇಕು. ಕಾಗದದ ಮೇಲೆ ಬರೆಯುವಾಗಲೂ ವಿವಾದದ ಮಾತನ್ನು ಆಡಿದ ಊರಿನ ಉಚ್ಚಾರದಲ್ಲೇ, ಉದ್ಧರಣ ಚಿಹ್ನೆಯೊಳಗೆ, ಬೈಗುಳವಿದ್ದರೆ ಬೈಗುಳವನ್ನೂ ಬಿಡದೆ ಬರೆಯಬೇಕು. ಅದರ ಅರ್ಥದ ಬಗ್ಗೆ ತಕರಾರು ಬಂದರೆ ಆ ನುಡಿಯಾಡುವ ಊರಿನವರನ್ನು ಕರೆಸಿ, ಅಲ್ಲಿ ಅದು ಯಾವ ಯಾವ ಸಂದರ್ಭದಲ್ಲಿ ಬಳಕೆಯಾಗುತ್ತದೆ ಎಂದು ಕೇಳಿ, ಅವರ ಉತ್ತರವನ್ನು ತೀರ್ಪಿನಲ್ಲಿ ಕಾಣಿಸಬೇಕು. ಇಂಗ್ಲಿಷಿಗೆ ತಿರುಗಿಸಿದ ಪ್ರತಿಯ ಪಕ್ಕದಲ್ಲಿ ಮೂಲ ಕನ್ನಡ ಮಾತು ಹೈಕೋರ್ಟಿನ ಕಡತದವರೆಗೂ ಜೊತೆಗೇ ಹೋಗಬೇಕು.